ಚಾಮಯ್ಯ ಮೇಷ್ಟ್ರು ಮತ್ತು ಕೆ. ಎಸ್. ಅಶ್ವತ್ಥ್

ಎಲ್ಲರಿಗೂ ನಮಸ್ಕಾರ.

ನಾನು ಅಶ್ವತ್ಥ್ ಅವರನ್ನು ಮೊದಲು ನೋಡಿದ್ದು ಟಿ.ವಿ.ಯಲ್ಲಿ. ಭಾನುವಾರ ಸಂಜೆ ದೂರದರ್ಶನದ ಸಿನಿಮಾಕ್ಕೆ ಬೀದಿಯವರೆಲ್ಲ ಒಂದೇ ಮನೆಯಲ್ಲಿ ಸೇರುತ್ತಿದ್ದ ಕಾಲ. ಅವತ್ತು ‘ನಾಗರಹಾವು’ ಹಾಕಿದ್ದರು. ಬೆಟ್ಟದ ಮೇಲಿಂದ ಅಶ್ವತ್ಥ್ ಅವರ ಚಾಮಯ್ಯ ಮೇಷ್ಟ್ರು ಬಿದ್ದಾಗ ನಮ್ಮಜ್ಜಿ ಸೆರಗನ್ನು ಬಾಯಿಗೆ ಒತ್ತಿಕೊಂಡರು. ಮನೆಗೆ ಬರುವಾಗ, “ಆ ಮೇಷ್ಟ್ರು ಮಾಡಿದ್ದು ತಪ್ಪು ಕಣೋ, ಆದ್ರೂ ಅಯ್ಯೋ ಅನ್ಸುತ್ತೆ” ಅಂದರು. ಇವತ್ತು ನಾನು ಮಾತಾಡಬೇಕೆಂದಿರುವುದು ಅಜ್ಜಿಯ ಆ ಮಾತಿನ ಬಗ್ಗೆಯೇ.

ಅಶ್ವತ್ಥ್ ಹುಟ್ಟಿದ್ದು 1925ರಲ್ಲಿ. ಮೊದಲ ಚಿತ್ರ 1955ರ ‘ಸ್ತ್ರೀರತ್ನ’. ಆಮೇಲೆ ಮುನ್ನೂರಕ್ಕೂ ಜಾಸ್ತಿ ಚಿತ್ರಗಳು. ಪೌರಾಣಿಕಗಳಲ್ಲಿ ನಾರದ, ಉಳಿದವುಗಳಲ್ಲಿ ಅಪ್ಪ, ಮಾವ, ಆಳು, ಮೇಷ್ಟ್ರು. ರಾಜ್‌ಕುಮಾರ್ ಅವರಿಗಿಂತ ನಾಲ್ಕೇ ವರ್ಷ ದೊಡ್ಡವರು, ಆದರೂ ಹಿರಿಯರ ಪಾತ್ರಗಳೇ ಅವರ ಪಾಲಿಗೆ ಬಂದವು. 1954ರ ‘ಬೇಡರ ಕಣ್ಣಪ್ಪ’ದಲ್ಲಿ ರಾಜ್‌ಕುಮಾರ್ ಅವರ ನಾಯಕಿಯಾಗಿದ್ದ ಪಂಢರಿಬಾಯಿ ಮುಂದೆ ಅಮ್ಮನ ಪಾತ್ರಗಳಿಗೆ ಬಂದರು. ಅಶ್ವತ್ಥ್–ಪಂಢರಿಬಾಯಿ ಒಟ್ಟಿಗೆ ನಿಂತರೆ ಸಾಕು, ಅದು ನಮ್ಮದೇ ಮನೆಯ ನಡುಮನೆ ಅನ್ನಿಸುತ್ತಿತ್ತು. ‘ಕಸ್ತೂರಿ ನಿವಾಸ’ದ ರಾಮಯ್ಯನನ್ನು ನೆನಪಿಸಿಕೊಳ್ಳಿ. ಎಲ್ಲ ಕಳೆದುಕೊಂಡ ಯಜಮಾನನನ್ನು ಬಿಟ್ಟು ಹೋಗದ ಆಳು. ಅಂಥ ಪಾತ್ರಗಳಿಂದ ಅವರ ಮೇಲೆ ಜನಕ್ಕೆ ಒಂದು ನಂಬಿಕೆ ಬೆಳೆದಿತ್ತು.

ಆ ನಂಬಿಕೆಯನ್ನೇ ನಿರ್ದೇಶಕ ಪುಟ್ಟಣ್ಣ ಕಣಗಾಲ್ 1972ರಲ್ಲಿ ‘ನಾಗರಹಾವು’ಗೆ ಬಳಸಿಕೊಂಡರು ಅಂತ ನನಗನ್ನಿಸುತ್ತದೆ. ನಾಯಕ ರಾಮಾಚಾರಿಯಾದ ವಿಷ್ಣುವರ್ಧನ್ ಆಗ ಹೊಸ ಮುಖ. ಅಂಬರೀಶ್ ಅವರಿಗಂತೂ ಅದೇ ಮೊದಲ ಚಿತ್ರ. ಊರಿಗೆಲ್ಲ ಬೇಡವಾದ ರಾಮಾಚಾರಿ ಮಕ್ಕಳಿಲ್ಲದ ಮೇಷ್ಟ್ರ ಮನೆಯಲ್ಲಿ ಮಾತ್ರ ಮಗು. ಅಲ್ಲಿ ಮೇಷ್ಟ್ರ ಹೆಂಡತಿ, ಲೀಲಾವತಿಯವರ ತುಂಗಮ್ಮ ಇದ್ದಾರೆ. ಇಷ್ಟು ಪ್ರೀತಿಸುವ ಮೇಷ್ಟ್ರೇ ಒಂದು ದಿನ, ನೀನು ಪ್ರೀತಿಸಿದ ಅಲಮೇಲುವನ್ನು ಬಿಟ್ಟುಬಿಡು ಅನ್ನುತ್ತಾರೆ. ಜಾತಿಯ ಮಾತು ಅದು. ಬೇರೆ ಯಾರಾದರೂ ಆ ಪಾತ್ರ ಮಾಡಿದ್ದರೆ ನಾವು ಅವರನ್ನು ಅಲ್ಲೇ ದ್ವೇಷಿಸುತ್ತಿದ್ದೆವು, ಅಲ್ವಾ? ಅಶ್ವತ್ಥ್ ಅಲ್ಲಿ ಜೋರು ಮಾಡುವುದಿಲ್ಲ. ಅಪ್ಪ ಮಗನ ಹತ್ತಿರ ಬೇಡುವ ಹಾಗೆ ಬೇಡುತ್ತಾರೆ. ರಾಮಾಚಾರಿ ಒಪ್ಪಿಬಿಡುತ್ತಾನೆ. ಬೈದಿದ್ದರೆ ಖಂಡಿತ ಒಪ್ಪುತ್ತಿರಲಿಲ್ಲ.

ಅಲಮೇಲುವಿನ ಬಾಳು ಹಾಳಾಗುತ್ತದೆ. ಕೊನೆಗೆ, ರಾಮಾಚಾರಿ ಆಮೇಲೆ ಪ್ರೀತಿಸಿದ ಮಾರ್ಗರೆಟ್ ವಿಷಯಕ್ಕೆ ಮೇಷ್ಟ್ರು ಮತ್ತೆ ಅಡ್ಡ ನಿಂತಾಗ ಅವನು ಹಳೆಯದನ್ನೆಲ್ಲ ಎತ್ತುತ್ತಾನೆ. ಒಂದು ತಳ್ಳು, ಮೇಷ್ಟ್ರು ಇಲ್ಲ. ಪ್ರೀತಿಯಿಂದಲೇ ಒಬ್ಬರ ಬಾಳು ಕೆಡಿಸಬಹುದು ಅನ್ನುವ ಕಹಿ ಸಂಗತಿ ಅಷ್ಟು ಆಳಕ್ಕೆ ಇಳಿಯಲು ಅಶ್ವತ್ಥ್ ಅವರ ಮುಖವೇ ಬೇಕಿತ್ತು. ಆ ಪಾತ್ರಕ್ಕೆ ಅವರಿಗೆ ಅತ್ಯುತ್ತಮ ಪೋಷಕ ನಟ ರಾಜ್ಯ ಪ್ರಶಸ್ತಿ ಬಂತು. ನಮ್ಮಲ್ಲಿ ಪೋಷಕ ನಟರನ್ನು ನಾಯಕನ ಪಕ್ಕದಲ್ಲಿ ಸುಮ್ನೆ ನಿಂತವರು ಅಂತ ನೋಡುವ ಅಭ್ಯಾಸ ಇದೆ. ನನಗೆ ಅದು ತುಂಬಾ ಬೇಜಾರಿನ ವಿಷಯ. ಈ ಚಿತ್ರದಲ್ಲಿ ಕಥೆ ತಿರುಗುವುದೇ ಮೇಷ್ಟ್ರ ಮಾತಿನಿಂದ.

2010ರ ಜನವರಿ 18ರಂದು ಮೈಸೂರಿನಲ್ಲಿ ಅಶ್ವತ್ಥ್ ತೀರಿಕೊಂಡರು. ಆ ಹೊತ್ತಿಗೆ ಅಜ್ಜಿ ಇರಲಿಲ್ಲ. ಇದ್ದಿದ್ದರೆ “ಮೇಷ್ಟ್ರು ಹೋದ್ರಂತೆ” ಅಂತಲೇ ಹೇಳುತ್ತಿದ್ದರು.

ಈಗ ಆ ಬೇಡುವ ದೃಶ್ಯ ಹಾಕುತ್ತೇವೆ. ನಾವೆಲ್ಲ ವಿಷ್ಣು ಅವರನ್ನೇ ನೋಡಿ ಅಭ್ಯಾಸ ಆದವರು. ಇವತ್ತೊಂದು ಸಲ, ರಾಮಾಚಾರಿ ಮಾತಾಡುವಾಗ ಮೇಷ್ಟ್ರ ಮುಖ ನೋಡಿ.