ಆರೋಪಮುಕ್ತಿಯ ಅರ್ಜಿ ವಜಾ ಆದಾಗ

ಕೇಳುಗರಿಗೆ ನಮಸ್ಕಾರ.

ಆರೋಪಮುಕ್ತಗೊಳಿಸುವಂತೆ ಕೋರಿದ್ದ ಅರ್ಜಿಯನ್ನು ನ್ಯಾಯಾಲಯ ವಜಾಗೊಳಿಸಿತು ಎಂಬ ಸುದ್ದಿ ಪತ್ರಿಕೆಯಲ್ಲಿ ಬಂದರೆ ಸಾಕು, ಆ ಮನುಷ್ಯನ ಅಪರಾಧ ಸಾಬೀತಾಯಿತೆಂದೇ ನಮ್ಮ ಮಲೆನಾಡಿನ ಊರುಗಳಲ್ಲಿ ಮಾತು ಶುರುವಾಗುತ್ತದೆ. ಆ ಮಾತಿಗೆ ಮನೆಮಕ್ಕಳ ಮದುವೆ ಸಂಬಂಧಗಳು ತಪ್ಪಿಹೋಗುತ್ತವೆ, ಸಹಕಾರ ಸಂಘದ ಚುನಾವಣೆಯವರೆಗೂ ಅದು ಬೆನ್ನು ಬಿಡುವುದಿಲ್ಲ. ಆದರೆ ನ್ಯಾಯಾಧೀಶರ ಆದೇಶದಲ್ಲಿ ಇರುವುದು, ಪ್ರಕರಣದ ವಿಚಾರಣೆ ನಡೆಯಲಿ ಎಂಬುದು ಮಾತ್ರ.

ಪೊಲೀಸರು ದೋಷಾರೋಪ ಪಟ್ಟಿ ಸಲ್ಲಿಸಿದ ಮೇಲೆ, ಸಾಕ್ಷಿಗಳನ್ನು ಕಟಕಟೆಗೆ ಕರೆಯುವ ಮೊದಲು, ಆರೋಪಿಯನ್ನು ವಿಚಾರಣೆಗೆ ಒಳಪಡಿಸಲು ಸಾಕಷ್ಟು ಆಧಾರವಿದೆಯೇ ಎಂದು ನ್ಯಾಯಾಲಯ ನೋಡಬೇಕಾಗುತ್ತದೆ. ಸೆಷನ್ಸ್ ನ್ಯಾಯಾಲಯ ವಿಚಾರಿಸುವ, ಕೊಲೆಯತ್ನದಂಥ ಗಂಭೀರ ಪ್ರಕರಣಗಳಲ್ಲಿ ಇದಕ್ಕೆ ಹಿಂದಿನ ದಂಡ ಪ್ರಕ್ರಿಯಾ ಸಂಹಿತೆಯ 227ನೇ ಕಲಂ ಇತ್ತು. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ ಅದು 250ನೇ ಕಲಂ. ಆಧಾರವಿಲ್ಲದಿದ್ದರೆ ಆರೋಪಿಯನ್ನು ಬಿಡುಗಡೆ ಮಾಡಬೇಕು. ಬಲವಾದ ಸಂಶಯ ಉಳಿದರೆ ಆರೋಪ ನಿಗದಿಪಡಿಸಬೇಕು. ನ್ಯಾಯಾಧೀಶರು ಇಲ್ಲಿ ಅಭಿಯೋಜನೆ, ಅಂದರೆ ಮೊಕದ್ದಮೆ ನಡೆಸುವ ಸರ್ಕಾರದ ಪಕ್ಷ, ಕೊಟ್ಟ ಕಾಗದಗಳನ್ನು ಮುಂದಕ್ಕೆ ದಾಟಿಸುವ ಅಂಚೆ ಕಚೇರಿಯಂತೆ ವರ್ತಿಸಬಾರದೆಂದು ಸುಪ್ರೀಂ ಕೋರ್ಟ್ 1978ರಲ್ಲಿ ಪ್ರಫುಲ್ಲ ಕುಮಾರ್ ಸಾಮಲ್ ಪ್ರಕರಣದಲ್ಲಿ ಹೇಳಿದೆ. ಎರಡು ಅಭಿಪ್ರಾಯಗಳಿಗೆ ಸಮಾನ ಅವಕಾಶವಿದ್ದು, ಸಾಕ್ಷ್ಯದಿಂದ ಹುಟ್ಟುವುದು ಬರಿಯ ಸಂಶಯವೇ ಹೊರತು ಬಲವಾದ ಸಂಶಯವಲ್ಲ ಎನಿಸಿದರೆ ಬಿಡುಗಡೆ ಮಾಡಬಹುದೆಂದೂ ಅದೇ ತೀರ್ಪಿನಲ್ಲಿದೆ.

ತೀರ್ಥಹಳ್ಳಿ ಕಡೆಯ ಒಂದು ಅಡಿಕೆ ತೋಟದ ಗಡಿಜಗಳದಲ್ಲಿ ಒಬ್ಬರಿಗೆ ಕತ್ತಿಯೇಟು ಬಿದ್ದು, ಇಬ್ಬರ ಮೇಲೆ ಕೊಲೆಯತ್ನದ ಮೊಕದ್ದಮೆ ಹೂಡಲಾಗಿದೆ ಎಂದು ಭಾವಿಸೋಣ. ಗಾಯಾಳು ತನ್ನ ಹೇಳಿಕೆಯಲ್ಲಿ ಮೊದಲನೆಯವನ ಹೆಸರು ಹೇಳಿದ್ದಾನೆ. ತಾನು ಆ ಹೊತ್ತಿನಲ್ಲಿ ಸಾಗರದಲ್ಲಿ ನೆಂಟರ ಮದುವೆಯಲ್ಲಿದ್ದೆ ಎಂದು ಈತ ಛಾಯಾಚಿತ್ರಗಳನ್ನು ತಂದರೂ ಈ ಹಂತದಲ್ಲಿ ಸಾಮಾನ್ಯವಾಗಿ ಅವನ್ನು ಪರಿಗಣಿಸುವುದಿಲ್ಲ; ದೇವೇಂದ್ರನಾಥ ಪಾಢಿ ಪ್ರಕರಣದಲ್ಲಿ 2004ರಲ್ಲಿ ಸುಪ್ರೀಂ ಕೋರ್ಟಿನ ಮೂವರು ನ್ಯಾಯಮೂರ್ತಿಗಳ ಪೀಠ ಇದನ್ನು ಸ್ಪಷ್ಟಪಡಿಸಿತು. ಹೀಗಾಗಿ ಆತನ ಅರ್ಜಿ ವಜಾ ಆಗುತ್ತದೆ. ಆತ ಹೇಳುತ್ತಿರುವುದು ಪೂರಾ ನಿಜವಿದ್ದರೂ ಆಗಬಹುದು. ಎರಡನೆಯವನ ವಿರುದ್ಧ ಇರುವುದು ಮೊದಲನೆಯವನು ಪೊಲೀಸರ ಮುಂದೆ ಕೊಟ್ಟ ತಪ್ಪೊಪ್ಪಿಗೆಯೊಂದೇ ಎಂದಾದರೆ, ಅಂಥ ಹೇಳಿಕೆಯನ್ನು ಕಾನೂನು ಸಾಕ್ಷ್ಯವೆಂದು ಒಪ್ಪುವುದಿಲ್ಲವಾದ್ದರಿಂದ ಆತನನ್ನು ಬಿಡುಗಡೆ ಮಾಡುವುದೇ ಸರಿ.

ನನ್ನನ್ನು ಹೆಚ್ಚು ಕಾಡುವುದು ಬೇರೊಂದು ಸಂಗತಿ. ಆರೋಪಿಯನ್ನು ಬಿಡಬೇಕಾದರೆ ನ್ಯಾಯಾಧೀಶರು ಕಾರಣಗಳನ್ನು ಬರೆಯಲೇಬೇಕೆಂದು ಕಾನೂನು ವಿಧಿಸುತ್ತದೆ. ಆರೋಪ ನಿಗದಿಪಡಿಸಲು ವಿವರವಾದ ಕಾರಣಗಳ ಅಗತ್ಯವಿಲ್ಲ. ಎಲ್ಲ ಪ್ರಕರಣಗಳಲ್ಲೂ ದೀರ್ಘ ಆದೇಶ ಬರೆಯುತ್ತ ಕುಳಿತರೆ ವಿಚಾರಣೆಯೇ ಆರಂಭವಾಗದೆಂಬುದು ನಿಜ. ಆದರೂ ವಾಯಿದೆಗಳ ಒತ್ತಡದಲ್ಲಿ ಸುಲಭದ ದಾರಿ ಯಾವ ಕಡೆಗಿದೆ ಎಂಬುದನ್ನು ಬಿಡಿಸಿ ಹೇಳಬೇಕಿಲ್ಲ. ಹೊಸನಗರದ ಒಳಹಳ್ಳಿಯಿಂದ ಮಳೆಗಾಲದಲ್ಲಿ ಕೂಲಿ ಬಿಟ್ಟು ಬಸ್ಸು ಹಿಡಿದು, ವರ್ಷಗಟ್ಟಲೆ ವಾಯಿದೆಗೆ ಅಲೆಯುವವನಿಗೆ ವಿಚಾರಣೆಯೇ ಶಿಕ್ಷೆಯಾಗಿಬಿಡುತ್ತದೆ. ಆತನ ವಾದಕ್ಕೆ ನಾಲ್ಕು ಸಾಲಿನ ಉತ್ತರವನ್ನಾದರೂ ಆದೇಶದಲ್ಲಿ ಬರೆಯುವುದು ನ್ಯಾಯಾಲಯದ ಕರ್ತವ್ಯವೆಂದೇ ನಾನು ನಂಬುತ್ತೇನೆ. ಅದೇ ವೇಳೆ, ಕತ್ತಿಯೇಟು ತಿಂದವನಿಗೂ ತನ್ನ ಮಾತನ್ನು ಪ್ರಮಾಣ ಮಾಡಿ ಹೇಳುವ ಅವಕಾಶ ಸಿಗಬೇಕು; ಬಲವಾದ ಸಂಶಯವಿರುವಾಗ ಬಾಗಿಲಲ್ಲೇ ಪ್ರಕರಣ ಮುಗಿಸಿದರೆ ಅದು ಆತನಿಗೆ ಮಾಡುವ ಅನ್ಯಾಯ.

ಅರ್ಜಿ ವಜಾ ಆದ ಮಾತ್ರಕ್ಕೆ ಜಾಮೀನು ರದ್ದಾಗುವುದಿಲ್ಲ. ಆರೋಪವನ್ನು ಓದಿ ಹೇಳಿದಾಗ ನಿರಾಕರಿಸುವ, ಸಾಕ್ಷಿಗಳನ್ನು ಪಾಟೀಸವಾಲಿಗೆ ಒಳಪಡಿಸುವ, ಮದುವೆಮನೆಯ ಆ ಛಾಯಾಚಿತ್ರಗಳನ್ನು ಹಾಜರುಪಡಿಸುವ ಹಕ್ಕುಗಳೆಲ್ಲ ಆರೋಪಿಗೆ ಉಳಿದಿರುತ್ತವೆ. ಸೆಷನ್ಸ್ ನ್ಯಾಯಾಲಯದ ಆದೇಶ ತಪ್ಪೆನಿಸಿದರೆ ಹೈಕೋರ್ಟಿನ ಮೊರೆ ಹೋಗಬಹುದು; ಶಿವಮೊಗ್ಗ ಜಿಲ್ಲೆಯವರಿಗೆ ಅದು ಬೆಂಗಳೂರಿನ ಪ್ರಧಾನ ಪೀಠ.

ಹೊಸ ಸಂಹಿತೆ ಗಡುವನ್ನೂ ಹಾಕಿದೆ. ಸೆಷನ್ಸ್ ಪ್ರಕರಣದಲ್ಲಿ, ಮ್ಯಾಜಿಸ್ಟ್ರೇಟರು ಪ್ರಕರಣವನ್ನು ಸೆಷನ್ಸ್ ನ್ಯಾಯಾಲಯಕ್ಕೆ ಒಪ್ಪಿಸಿದ ದಿನದಿಂದ 60 ದಿನಗಳೊಳಗೆ ಆರೋಪಮುಕ್ತಿಯ ಅರ್ಜಿ ಸಲ್ಲಿಸಬೇಕು. ವಕೀಲರ ಶುಲ್ಕ ಭರಿಸಲಾಗದವರು ಆ ದಿನಗಳು ಕಳೆಯುವ ಮೊದಲೇ ತಾಲ್ಲೂಕು ಕಾನೂನು ಸೇವಾ ಸಮಿತಿಯಲ್ಲಿ ವಿಚಾರಿಸಬೇಕು. ಮಹಿಳೆಯರಿಗೆ, ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೆ, ಬಂಧನದಲ್ಲಿರುವವರಿಗೆ ಆದಾಯ ಎಷ್ಟೇ ಇದ್ದರೂ ಉಚಿತ ಕಾನೂನು ನೆರವು ಪಡೆಯುವ ಹಕ್ಕಿದೆ.