ಊರಿನ ಮಾತು, ಊರಿನವರ ಬಾಯಲ್ಲಿ

ಕೇಳುಗರಿಗೆ ನಮಸ್ಕಾರ.

ಮಲಯಾಳಂ ಸಿನಿಮಾ ಅಷ್ಟು ಸಹಜವಾಗಿ ಹೇಗಿರುತ್ತದೆ ಅಂತ ತುಂಬ ಜನ ಕೇಳುತ್ತಾರೆ. ನನ್ನ ಉತ್ತರ ಒಂದೇ. ಅವರು ಊರಿನ ಮಾತನ್ನು ಊರಿನವರ ಬಾಯಲ್ಲೇ ಆಡಿಸುತ್ತಾರೆ.

ನಾನು ಕಾಸರಗೋಡಿನ ಕನ್ನಡಿಗ. 2022ರಲ್ಲಿ ‘ನ್ನಾ ತಾನ್ ಕೇಸ್ ಕೊಡ್’ ಅನ್ನುವ ಮಲಯಾಳಂ ಸಿನಿಮಾ ಬಂತು. ಎರ್ನಾಕುಲಂ ಕಡೆಯ ಗೆಳೆಯನ ಜೊತೆ ಹೋಗಿದ್ದೆ. ಕಳ್ಳತನ ಬಿಟ್ಟ ಒಬ್ಬನ ಕಥೆ ಅದು. ರಸ್ತೆಯ ಗುಂಡಿ ತಪ್ಪಿಸಲು ಹೋಗಿ ಆಟೋ ಅವನ ಮೇಲೇ ನುಗ್ಗುತ್ತದೆ. ಪಾಪ, ಜೀವ ಉಳಿಸಿಕೊಳ್ಳಲು ಎಂಎಲ್‌ಎ ಮನೆಯ ಕಾಂಪೌಂಡ್ ಹಾರುತ್ತಾನೆ. ಅಲ್ಲಿ ನಾಯಿ ಕಚ್ಚುತ್ತದೆ. ಕದಿಯಲು ಬಂದ ಅಂತ ಕೇಸೂ ಬೀಳುತ್ತದೆ. ಅವನು ಬಿಡುತ್ತಾನಾ? ಗುಂಡಿಗೆ ಹೊಣೆ ಯಾರು ಅಂತ ಮಂತ್ರಿಯನ್ನೇ ಕೋರ್ಟಿಗೆ ಎಳೆಯುತ್ತಾನೆ!

ಥಿಯೇಟರ್ ತುಂಬ ನಗು. ನನ್ನ ಗೆಳೆಯ ಮಾತ್ರ ಪದೇ ಪದೇ ನನ್ನ ಕಡೆ ಬಾಗಿ, “ಏನಂದ? ಈಗ ಏನಂದ?” ಅನ್ನುತ್ತಿದ್ದ. ಅವನ ಮನೆಮಾತೇ ಮಲಯಾಳಂ. ಅವನಿಗೆ ನಾನು ಮಲಯಾಳಂ ಬಿಡಿಸಿ ಹೇಳುತ್ತಿದ್ದೆ! ಯಾಕೆಂದರೆ ಅದು ನಮ್ಮ ಕಾಸರಗೋಡಿನ ಮೀನು ಮಾರ್ಕೆಟ್ಟಿನ, ಬಸ್ ಸ್ಟ್ಯಾಂಡಿನ ಮಲಯಾಳಂ. ಎರ್ನಾಕುಲಂ, ಕೊಚ್ಚಿ ಕಡೆಯವರಿಗೆ ಅರ್ಥವಾಗಲಿ ಅಂತ ಅದನ್ನು ತಿದ್ದಲಿಲ್ಲ. ಮ್ಯಾಜಿಸ್ಟ್ರೇಟ್ ಪಾತ್ರ ಮಾಡಿದ ಪಿ.ಪಿ. ಕುಂಞಿಕೃಷ್ಣನ್ ಈ ಜಿಲ್ಲೆಯವರೇ. ನಿವೃತ್ತ ಮೇಷ್ಟ್ರು, ಆಗ ಪಂಚಾಯಿತಿ ಸದಸ್ಯರೂ ಆಗಿದ್ದರು. ಆ ಪಾತ್ರಕ್ಕೆ ಅವರಿಗೆ ಕೇರಳ ರಾಜ್ಯ ಪ್ರಶಸ್ತಿಯೂ ಬಂತು. ಊರಿನ ಮಾತು, ಊರಿನವರ ಬಾಯಲ್ಲಿ. ನಾನು ಹೇಳುತ್ತಿರುವುದು ಇದನ್ನೇ.

ದಯವಿಟ್ಟು ಇಂಥ ಸಿನಿಮಾಗಳನ್ನು ಡಬ್ಬಿಂಗ್‌ನಲ್ಲಿ ನೋಡಬೇಡಿ. ಆ ಮಾತೇ ಹೋದರೆ ಉಳಿಯುವುದು ಏನು ಹೇಳಿ? ಕೇರಳದ ಮಲಪ್ಪುರಂ ಜನ ಸೆವೆನ್ಸ್, ಅಂದರೆ ತಂಡಕ್ಕೆ ಏಳೇ ಜನ ಆಡುವ ಫುಟ್ಬಾಲ್ ಅಂದರೆ ಪ್ರಾಣ ಬಿಡುತ್ತಾರೆ. ಅದನ್ನು ಅವರ ಮಾತಲ್ಲೇ ತೋರಿಸಿದ ‘ಸುಡಾನಿ ಫ್ರಮ್ ನೈಜೀರಿಯಾ’ 2018ರಲ್ಲಿ ಬಂತು. ಅದನ್ನೂ ಸಬ್‌ಟೈಟಲ್ ಹಾಕಿಕೊಂಡು ಮೂಲದಲ್ಲೇ ನೋಡಿ.

ಹೀಗೆ ಊರಿನದನ್ನೇ ಸಿನಿಮಾಕ್ಕೆ ತರುವುದು ಇತ್ತೀಚಿನ ಫ್ಯಾಷನ್ ಅಂದುಕೊಂಡಿದ್ದೀರಾ? ಖಂಡಿತ ಅಲ್ಲ. ಮೊದಲು ಮಲಯಾಳಂ ಸಿನಿಮಾ ಹಾಡುಗಳಿಗೆ ಹಿಂದಿ, ತಮಿಳು ಧಾಟಿಗಳನ್ನೇ ಎತ್ತಿಕೊಳ್ಳುತ್ತಿದ್ದರು. 1954ರ ‘ನೀಲಕ್ಕುಯಿಲ್’ನಲ್ಲಿ ಸಂಗೀತ ನಿರ್ದೇಶಕ ಕೆ. ರಾಘವನ್ ಮಲಬಾರಿನ ಮುಸ್ಲಿಮರ ಮಾಪಿಳ್ಳೆ ಹಾಡಿನ ಧಾಟಿ ತಂದರು. ಕವಿ ಪಿ. ಭಾಸ್ಕರನ್ ಅದಕ್ಕೆ ಸರಳ ಮಾತು ಬರೆದರು. ಹಿನ್ನೀರಿನ ದಡದಲ್ಲಿ ಬಲೆ ಬೀಸುವಾಗ ಬಳೆ ಕುಲುಕಿಸಿದ ಚೆಲುವೆಯ ಹಾಡು ಅದು. ಹಾಡಿದವರೂ ರಾಘವನ್ ಅವರೇ.

ಸಮಯ ಮುಗಿಯುತ್ತಿದೆ. ನನ್ನ ಮಾತು ಸಾಕು, ಆ ಹಾಡನ್ನು ಕೇಳಿ. ನಮಸ್ಕಾರ.