ನಾಲ್ಕು ದಿನ ಹಾಡಿ ಬೇಸತ್ತ ಹಾಡು

ಎಲ್ಲರಿಗೂ ನಮಸ್ಕಾರ. ಸುಗಮ ಸಂಗೀತದ ತಾಲೀಮು ನೋಡಿದವರಿಗೆ ಗೊತ್ತಿರುತ್ತದೆ, ಯುಗಳಗೀತೆ ಅಂದ ಕೂಡಲೇ ಹಾರ್ಮೋನಿಯಂ ಮುಂದೆ ಕೂತವರು ಕೇಳುವ ಮೊದಲ ಪ್ರಶ್ನೆ, "ಶ್ರುತಿ ಯಾರದ್ದು?" ಅವನ ಶ್ರುತಿಗೆ ಇಟ್ಟರೆ ಅವಳ ದನಿ ತಳದಲ್ಲಿ ಸಿಕ್ಕಿಕೊಳ್ಳುತ್ತದೆ. ಅವಳ ಶ್ರುತಿಗೆ ಇಟ್ಟರೆ ಇವನ ಕತ್ತಿನ ನರ ಉಬ್ಬುತ್ತದೆ. ಕೊನೆಗೆ ಇಬ್ಬರಿಗೂ ಹಿತವಲ್ಲದ ಒಂದು ಮನೆ, ಅಂದರೆ ನಡುವಿನ ಯಾವುದೋ ಒಂದು ಶ್ರುತಿ, ಹಿಡಿದು ಹೇಗೋ ಮುಗಿಸುತ್ತಾರೆ. ಅಮೆರಿಕದ ಒಂದು ಹಾಡು ಈ ತಕರಾರನ್ನು ಬಗೆಹರಿಸಿದ ಬಗೆಯನ್ನು ಇವತ್ತು ಹೇಳಬೇಕೆಂದಿದ್ದೇನೆ.

ಹಾಡು 'ಐಲ್ಯಾಂಡ್ಸ್ ಇನ್ ದ ಸ್ಟ್ರೀಮ್'. ಹೊಳೆಯ ನಡುವಿನ ನಡುಗಡ್ಡೆಗಳು ಅನ್ನೋಣ. ಹೆಸರು ಮಾತ್ರ ಎರವಲು, ಅಮೆರಿಕದ ಲೇಖಕ ಹೆಮಿಂಗ್ವೇ ತೀರಿಕೊಂಡ ಮೇಲೆ 1970ರಲ್ಲಿ ಅಚ್ಚಾದ ಕಾದಂಬರಿಯದು. 1983ರಲ್ಲಿ ಇದನ್ನು ಹಾಡಿದವರು ಕೆನ್ನಿ ರೋಜರ್ಸ್ ಮತ್ತು ಡಾಲಿ ಪಾರ್ಟನ್. ಬರೆದವರು ಬೀ ಜೀಸ್ ಎಂಬ ಹಾಡುಗಾರರ ತಂಡದ ಮೂವರು ಅಣ್ಣತಮ್ಮಂದಿರು, ಬ್ಯಾರಿ, ರಾಬಿನ್, ಮಾರಿಸ್ ಗಿಬ್. ಡಿಸ್ಕೋ ಕಾಲದಲ್ಲಿ ಮೆರೆದವರು. ಡಿಸ್ಕೋ ಅಂದರೆ ಅಮೆರಿಕದ ರೇಡಿಯೊಗಳು ಮೂಗು ಮುರಿಯತೊಡಗಿದ ಮೇಲೆ ಬೇರೆಯವರಿಗೆ ಹಾಡು ಕಟ್ಟಿಕೊಡುತ್ತಿದ್ದರು.

ಮೊದಲಿಗೆ ಇದು ಯುಗಳಗೀತೆಯೇ ಅಲ್ಲ. ಕೆನ್ನಿ ಒಬ್ಬರೇ ಸ್ಟುಡಿಯೊದಲ್ಲಿ ನಿಂತು ನಾಲ್ಕು ದಿನ ಹಾಡಿದರು. ಕೂಡಿ ಬರಲಿಲ್ಲ. ನನಗೀಗ ಈ ಹಾಡೇ ಇಷ್ಟವಿಲ್ಲ ಎಂದು ಬ್ಯಾರಿ ಗಿಬ್‌ಗೆ ಹೇಳಿಬಿಟ್ಟರಂತೆ. ಇದಕ್ಕೆ ಡಾಲಿ ಬೇಕು ಅಂದರು ಬ್ಯಾರಿ. ಅದೃಷ್ಟ ನೋಡಿ, ಡಾಲಿ ಅದೇ ಕಟ್ಟಡದ ಕೆಳಮಹಡಿಯಲ್ಲಿದ್ದರು. ಕೆನ್ನಿಯ ಮ್ಯಾನೇಜರ್ ಕೆನ್ ಕ್ರಾಗನ್ ಹೋಗಿ ಕರೆತಂದರು. ಆಕೆ ಒಳಗೆ ಕಾಲಿಟ್ಟ ಮೇಲೆ ಆ ಹಾಡು ಮೊದಲಿನದಾಗಿ ಉಳಿಯಲೇ ಇಲ್ಲ ಎಂದು ಕೆನ್ನಿ ಮುಂದೆ ಹೇಳಿಕೊಂಡಿದ್ದಾರೆ.

ಡಾಲಿ ಟೆನೆಸಿಯ ಗುಡ್ಡಗಾಡಿನವರು, ಹನ್ನೆರಡು ಮಕ್ಕಳಲ್ಲಿ ನಾಲ್ಕನೆಯವರು. ಹೆರಿಗೆ ಮಾಡಿಸಿದ ಡಾಕ್ಟರಿಗೆ ಅಪ್ಪ ಕೊಟ್ಟ ಫೀಸು ಒಂದು ಚೀಲ ಮೆಕ್ಕೆಜೋಳದ ಹಿಟ್ಟು. ಕೆನ್ನಿ ಹ್ಯೂಸ್ಟನ್‌ನವರು, ಗೊಗ್ಗರು ದನಿ. ಡಾಲಿಯದು ಸಣ್ಣ ಕಂಪನವಿರುವ, ಸೂಜಿಯಂಥ ದನಿ. ಈ ಎರಡನ್ನೂ ಒಂದೇ ಶ್ರುತಿಗೆ ಕಟ್ಟಿಹಾಕಿದರೆ ಒಬ್ಬರಿಗೆ ಅನ್ಯಾಯ ಖಂಡಿತ.

ಹಾಗಾಗಿ ಏನು ಮಾಡಿದರು? ಕೆನ್ನಿಯ ಚರಣ ಬಿಳಿ ಒಂದರಲ್ಲಿದೆ, ಅಂದರೆ ಹಾರ್ಮೋನಿಯಂನ ಮೊದಲ ಬಿಳಿ ಮನೆಯೇ ಅದರ ಶ್ರುತಿ. ಪಲ್ಲವಿ ಬರುತ್ತದೆ, ಇಬ್ಬರೂ ಸೇರಿ ಹಾಡುತ್ತಾರೆ. ಅದು ಮುಗಿದು ಡಾಲಿಯ ಚರಣ ಶುರುವಾಗುವ ಹೊತ್ತಿಗೆ ಹಾಡು ಕರಿ ನಾಲ್ಕಕ್ಕೆ, ನಾಲ್ಕನೆಯ ಕರಿ ಮನೆಗೆ, ಬಂದು ನಿಂತಿರುತ್ತದೆ. ರಾಗದ ಬೇರೊಂದು ಸ್ವರವನ್ನು 'ಸ' ಎಂದುಕೊಂಡು ಹಾಡುವ ಗ್ರಹಭೇದವಲ್ಲ ಇದು, ಆಧಾರ ಷಡ್ಜವನ್ನೇ, ಅಂದರೆ ಮೂಲದ 'ಸ'ವನ್ನೇ ಕಿತ್ತು ಬೇರೆ ಕಡೆ ನೆಡುವುದು. ನಮ್ಮ ಕಚೇರಿಯಲ್ಲಿ ಹೀಗೆ ಮಾಡಿದರೆ ತಂಬೂರಿಯವರು ಎದ್ದು ಹೋಗುತ್ತಾರೆ! ಇಲ್ಲಿ ಮಾತ್ರ ಕೇಳುವವರಿಗೆ ಗೊತ್ತೇ ಆಗುವುದಿಲ್ಲ. ಕೋಣೆಯ ದೀಪ ಬದಲಾದಂತೆ ಅನಿಸುತ್ತದೆ ಅಷ್ಟೇ. ಅವರವರ ಮನೆಯಲ್ಲಿ ಅವರವರು ಹಾಡಿದ್ದಾರೆ, ಯಾರೂ ಕಿರುಚಿಲ್ಲ.

1983ರ ಅಕ್ಟೋಬರ್ 29ಕ್ಕೆ ಹಾಡು ಅಮೆರಿಕದ ಜನಪ್ರಿಯ ಹಾಡುಗಳ ಬಿಲ್‌ಬೋರ್ಡ್ ಪಟ್ಟಿಯ ತುದಿಗೆ ಹೋಗಿ ಎರಡು ವಾರ ಅಲ್ಲೇ ಕೂತಿತು. ಕಂಟ್ರಿ, ಅಂದರೆ ಅಲ್ಲಿನ ಹಳ್ಳಿಗಾಡಿನ ಸೊಗಡಿನ ಹಾಡುಗಳ ಪಟ್ಟಿಯಲ್ಲೂ ಮೊದಲು.

ಇದು ಕಂಟ್ರಿ ಹಾಡೇ ಅಲ್ಲ ಅನ್ನುವವರಿದ್ದಾರೆ. ಪಿಟೀಲಿನ ಎಳೆತವಾಗಲಿ ಸ್ಟೀಲ್ ಗಿಟಾರಿನ ಅಳುವಾಗಲಿ ಇದರಲ್ಲಿ ಮುಂದೆ ಬಂದು ನಿಲ್ಲುವುದಿಲ್ಲ, ನಿಜ. ಆ ಮಟ್ಟಿಗೆ ನಾನೂ ಅವರ ಕಡೆಯವನೇ. ಆದರೆ ಗಂಡು ಹೆಣ್ಣು ಎದುರುಬದುರು ನಿಂತು ಹಾಡುವುದು ಕಂಟ್ರಿಯವರ ಹಳೇ ಚಾಳಿ. ಗಂಡಹೆಂಡಿರಾಗಿದ್ದ ಕಂಟ್ರಿ ಗಾಯಕರು ಜಾರ್ಜ್ ಜೋನ್ಸ್, ಟ್ಯಾಮಿ ವೈನೆಟ್ 1975ರಲ್ಲಿ ವಿಚ್ಛೇದನ ಪಡೆದು ಮರುವರ್ಷವೇ ಜೋಡಿಯಾಗಿ ಹಾಡಿ ಗೆದ್ದವರು. ಕೆನ್ನಿ, ಡಾಲಿ ನಡುವೆ ಪ್ರೇಮವಿರಲಿಲ್ಲ. ಡಾಲಿಗೆ 1966ರಲ್ಲೇ ಮದುವೆಯಾಗಿತ್ತು. ಬರೀ ಸ್ನೇಹ. ಒಬ್ಬರನ್ನೊಬ್ಬರು ಗೇಲಿ ಮಾಡಿಕೊಂಡೇ ವೇದಿಕೆಯಲ್ಲಿ ಮೂರು ದಶಕ ಕಳೆದರು.

2017ರ ಅಕ್ಟೋಬರ್‌ನಲ್ಲಿ ನ್ಯಾಶ್‌ವಿಲ್‌ನಲ್ಲಿ ಕೆನ್ನಿಗೆ ಬೀಳ್ಕೊಡುಗೆ. ಅಲ್ಲಿ ಇಬ್ಬರೂ ಕೊನೆಯ ಸಲ ಇದನ್ನು ಹಾಡಿದರು. ಕೆನ್ನಿಗೆ ಆಗ 79. 2020ರ ಮಾರ್ಚ್‌ನಲ್ಲಿ ತೀರಿಕೊಂಡರು.

ಮಾತು ಸಾಕು, ಹಾಡು ಹಾಕೋಣ. ಶ್ರುತಿ ಮನೆ ಬದಲಾಯಿಸುವ ಜಾಗ ಬಂದಾಗ ನಾನು ಕೈ ಎತ್ತುತ್ತೇನೆ, ಅಲ್ಲಿ ಸ್ವಲ್ಪ ಕಿವಿ ಕೊಡಿ.